ಮಗಳ ಮಾದರಿ ಪರೀಕ್ಷೆಯಲ್ಲಿ ನನ್ನ ಅಂಕ

ಬಾಯಿ ಮುಚ್ಚಿಕೊಂಡು ಇರುವುದು ನನ್ನಿಂದ ಆಗದ ಕೆಲಸ. ನನ್ನ ಗಂಡ ಇದನ್ನು ಮದುವೆಯಾದ ಮೊದಲ ತಿಂಗಳಲ್ಲೇ ಕಂಡುಕೊಂಡಿದ್ದರು. ನಾನು ಒಪ್ಪಿಕೊಂಡದ್ದು ಕಳೆದ ವರ್ಷದ ಬೇಸಿಗೆಯಲ್ಲಿ, ಮಗಳು ಡಾಕ್ಟರ್ ಲೈಸೆನ್ಸಿನ ಪರೀಕ್ಷೆಗೆ ಓದಲೆಂದು ಆರು ವಾರ ನಮ್ಮಲ್ಲಿಗೆ ಬಂದಿದ್ದಾಗ. ಅದನ್ನೂ ಸುಲಭದಲ್ಲಿ ಒಪ್ಪಿಕೊಂಡವಳಲ್ಲ ನಾನು.

ನಮ್ಮ ಮನೆ ಗಲ್ಫಿನ ಮಂಗಫ್‌ನಲ್ಲಿ, ನಾಲ್ಕನೇ ಮಾಳಿಗೆ. ಗಂಡ ರಿಫೈನರಿಯಲ್ಲಿ ಯಂತ್ರಗಳ ರಿಪೇರಿಯ ಕೆಲಸದವರು, ಬೆಳಗ್ಗೆ ಕಂಪೆನಿಯ ಬಸ್ಸು ಹತ್ತಿದರೆ ಸಂಜೆಗೆ ಇಳಿಯುವುದು. ನಾನು ಆಸ್ಪತ್ರೆಯಲ್ಲಿ ನರ್ಸ್, ಇಲ್ಲಿಗೆ ಬಂದು ಇಪ್ಪತ್ತೇಳು ವರ್ಷವಾಯಿತು. ನಾನು ಮಂಗಳೂರಿನ ಕಡೆಯ ಕೊಂಕಣಿಯವಳು, ಅವರು ಘಟ್ಟದ ಮೇಲಿನವರು. ಅವರಿಗೆ ಕೊಂಕಣಿ ಕಲಿಸಲು ಹೋಗಿ ಸೋತು, ಮನೆಯಲ್ಲಿ ಕನ್ನಡವೇ ಆಯಿತು. ಮಗಳು ಹುಟ್ಟಿದ್ದು ಬೆಳೆದದ್ದು ಇಲ್ಲೇ. ನಾವು ಕನ್ನಡದಲ್ಲಿ ಏನು ಹೇಳಿದರೂ ಅವಳಿಗೆ ತಿಳಿಯುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ ಬರುತ್ತದೆ. ಬೈಯುವುದು ಕೂಡ ಇಂಗ್ಲಿಷಿನಲ್ಲೇ.

ಅವಳು ಓದುತ್ತಿರುವುದು ಅಮೆರಿಕದ ಒಂದು ಆಸ್ಟಿಯೋಪಥಿ ವೈದ್ಯಕೀಯ ಕಾಲೇಜಿನಲ್ಲಿ. ಇದನ್ನು ಜನರಿಗೆ ವಿವರಿಸಿ ವಿವರಿಸಿ ನನ್ನ ನಾಲಿಗೆ ಸವೆದಿದೆ. ಅಲ್ಲಿ ಓದಿದವರು ಉಳಿದ ಡಾಕ್ಟರರಂತೆಯೇ ಪೂರ್ಣ ಡಾಕ್ಟರರು, ಔಷಧ ಬರೆಯುತ್ತಾರೆ, ಆಪರೇಷನ್ನೂ ಮಾಡುತ್ತಾರೆ. ಅದರ ಜೊತೆಗೆ ಬೆನ್ನು, ಪಕ್ಕೆಲುಬು, ಸ್ನಾಯುಗಳನ್ನು ಕೈಯಿಂದ ಮುಟ್ಟಿ ತೊಂದರೆ ಎಲ್ಲಿದೆ ಎಂದು ಹುಡುಕುವುದನ್ನು, ಕೈಯಿಂದಲೇ ಸಡಿಲಗೊಳಿಸುವುದನ್ನು ಕಲಿಯುತ್ತಾರೆ. ನಮ್ಮ ಕಟ್ಟಡದ ಕೆಳಗೆ ಒಬ್ಬ ಬ್ಯಾರಿ ಕಾಕನ ಬಕಾಲಾ ಉಂಟು, ಹಾಲು, ಮೊಸರು, ಖುಬೂಸ್ ರೊಟ್ಟಿ ಎಲ್ಲ ಸಿಗುವ ಸಣ್ಣ ಅಂಗಡಿ. ಕಾಕನಿಗೆ ಒಂದು ದಿನ ಇದನ್ನೆಲ್ಲ ಹೇಳಿದೆ.

"ಹಾಗಾದ್ರೆ ಮೂಳೆ ಡಾಕ್ಟ್ರಾ ಸಿಸ್ಟರ್?"

"ಅಲ್ಲ ಕಾಕ."

"ಎಣ್ಣೆ ಹಾಕಿ ಉಜ್ಜುದಾ?"

"ಎಣ್ಣೆ ಇಲ್ಲ."

"ಎಣ್ಣೆ ಇಲ್ಲದೆ ಎಂತ ಉಜ್ಜುದು," ಎಂದು ಕಾಕ ಬೇಸರದಿಂದ ಮೊಸರಿನ ಡಬ್ಬ ಚೀಲಕ್ಕೆ ಹಾಕಿದರು.

ಮಗಳು ಬಂದ ಎರಡೇ ದಿನದಲ್ಲಿ ನಮ್ಮ ಊಟದ ಮೇಜು ಪರೀಕ್ಷಾ ಮೇಜಾಯಿತು. ಕೈಕೆಲಸವೂ ಮರೆಯಬಾರದಲ್ಲ, ಅದಕ್ಕೆ ಅಪ್ಪನನ್ನು ಬನಿಯನ್ನಿನಲ್ಲಿ ಕವುಚಿ ಮಲಗಿಸಿ ಬೆನ್ನೆಲುಬು ಎಣಿಸುವಳು. ಒಂದು ಸಂಜೆ, ಡ್ಯಾಡಿಯ ಒಂದು ಕಾಲು ಇನ್ನೊಂದಕ್ಕಿಂತ ಗಿಡ್ಡ ಎಂದು ಘೋಷಿಸಿದಳು. ಅಷ್ಟು ವರ್ಷ ಸರಿಯಾಗಿ ನಡೆದ ಮನುಷ್ಯ ಮರುದಿನದಿಂದ ಕುಂಟತೊಡಗಿದರು. ಎಷ್ಟೋ ಜನರಿಗೆ ಹಾಗೆ ಇರುತ್ತದೆ ಎಂದು ಅವಳು ಎರಡು ದಿನ ಸಮಾಧಾನ ಹೇಳಬೇಕಾಯಿತು. ಬಕಾಲಾದ ಕಾಕನೂ ಒಮ್ಮೆ ಹೆದರುತ್ತಾ ಮೇಲೆ ಬಂದು ಕುತ್ತಿಗೆ ತೋರಿಸಿದರು. ಇಳಿದು ಹೋದ ಮೇಲೆ ಮೇಲಿನ ಶೆಲ್ಫಿನ ಸಾಮಾನು ನೋಡಲು ಈಗ ಇಡೀ ಮೈ ತಿರುಗಿಸಬೇಕಿಲ್ಲ ಎಂದು ಬಂದವರಿಗೆಲ್ಲ ತೋರಿಸಿ ಹೇಳುತ್ತಿದ್ದರಂತೆ.

ಇಷ್ಟೆಲ್ಲ ನಗುವಿನ ಮಧ್ಯೆ ಒಂದು ಭಯವಿತ್ತು. ಲೈಸೆನ್ಸಿಗೆ ಹಲವು ಹಂತದ ಪರೀಕ್ಷೆ, ಇದು ಮೊದಲನೆಯದು. ಅದಕ್ಕೆ ಕುಳಿತುಕೊಳ್ಳಲು ಕಾಲೇಜು ಸುಮ್ಮನೆ ಬಿಡುವುದಿಲ್ಲ. ಮೊದಲು ಸೆಲ್ಫ್ ಅಸೆಸ್‌ಮೆಂಟ್ ಎಂಬ ಮಾದರಿ ಪರೀಕ್ಷೆ ಬರೆಯಬೇಕು. ನಿಜವಾದ ಪರೀಕ್ಷೆಯ ಹಾಗೆಯೇ ಕಂಪ್ಯೂಟರಿನಲ್ಲಿ ಪ್ರಶ್ನೆ, ಮೂಲೆಯಲ್ಲಿ ಓಡುವ ಗಡಿಯಾರ, ಕೊನೆಗೆ ಅಂಕ. ಅಭ್ಯಾಸಕ್ಕೆ ಎಷ್ಟು ಬೇಕಾದರೂ ತಾವೇ ತೆಗೆದುಕೊಳ್ಳಬಹುದು, ಆದರೆ ಕಾಲೇಜು ಕಳುಹಿಸುವ ಒಂದರಲ್ಲಿ, ಗೊತ್ತುಮಾಡಿದ ದಿನ, ಅವರು ಎಳೆದ ಗೆರೆ ದಾಟಲೇಬೇಕು. ದಾಟದಿದ್ದರೆ ಈ ಸಲ ಪರೀಕ್ಷೆ ಇಲ್ಲ. ಅವಳ ಜೊತೆಯವರೆಲ್ಲ ಆಸ್ಪತ್ರೆಯ ತರಬೇತಿಗೆ ಹೋಗುತ್ತಾರೆ, ಇವಳು ತಿಂಗಳುಗಟ್ಟಲೆ ಹಿಂದೆ ಉಳಿಯುತ್ತಾಳೆ. ಆ ದಿನ ಜುಲೈಯ ಒಂದು ಶುಕ್ರವಾರಕ್ಕೆ ಬಿದ್ದಿತ್ತು.

ಅಭ್ಯಾಸದ ಮೊದಲನೆಯದನ್ನು ಅವಳು ಬಂದ ವಾರವೇ ಬರೆದಳು. ಗೆರೆಗಿಂತ ಸಾಕಷ್ಟು ಕೆಳಗೆ. ಊಟ ಬೇಡ ಎಂದು ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ರೋಗಿ ಊಟ ಬಿಟ್ಟರೆ ಏನು ಮಾಡಬೇಕೆಂದು ನನಗೆ ಗೊತ್ತು, ಮಗಳು ಊಟ ಬಿಟ್ಟರೆ ಗೊತ್ತಿಲ್ಲ.

ಎರಡನೆಯದನ್ನು ಬರೆದ ದಿನ ನನಗೆ ರಜೆ. ಊಟದ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಕುಳಿತಿದ್ದಳು. ನಾನು ಬಾಳೆಕಾಯಿ ಪೋಡಿ ಕರಿದು ತಟ್ಟೆ ಹಿಡಿದು ಹಿಂದೆ ನಿಂತಿದ್ದೆ. ಅವಳಿಗೆ ಪ್ರಶ್ನೆಯನ್ನು ಬಾಯಿಬಿಟ್ಟು ಓದಿಕೊಳ್ಳುವ ಅಭ್ಯಾಸ. ಅದು ನಾನೇ ಹಾಕಿದ್ದು. ಸಣ್ಣವಳಿದ್ದಾಗ ಅವಳು ಓದುತ್ತಿದ್ದಾಳೋ ನಿದ್ದೆ ಹೊಡೆಯುತ್ತಿದ್ದಾಳೋ ಎಂದು ನನಗೆ ಅಡುಗೆಮನೆಯಿಂದಲೇ ತಿಳಿಯಬೇಕಿತ್ತು. ಆ ದಿನವೂ ಓದುತ್ತಿದ್ದಳು: ಥೈರಾಯ್ಡ್ ಆಪರೇಷನ್ ಆದ ಹೆಂಗಸು, ಮರುದಿನ ತುಟಿಯ ಸುತ್ತ ಜುಮುಜುಮು, ಕೈಬೆರಳು ಸೆಟೆದುಕೊಳ್ಳುತ್ತವೆ.

"ಪಾಪ," ಎಂದೆ ನಾನು. "ಇವಳದ್ದು ಕ್ಯಾಲ್ಸಿಯಂ ಯಾರೂ ನೋಡ್ಲಿಲ್ವಾ?"

ಅವಳು ಒಂದು ಪೋಡಿ ಬಾಯಿಗೆ ಹಾಕಿ, ಒಂದು ಉತ್ತರ ಒತ್ತಿ, ಮುಂದಕ್ಕೆ ಹೋದಳು. ಇನ್ಸುಲಿನ್ ತೆಗೆದುಕೊಳ್ಳುವ ಮುದುಕ ಬೆವರುತ್ತ ಏನೇನೋ ಮಾತಾಡುತ್ತಾನೆ. "ಬೆಳಗ್ಗೆ ತಿಂಡಿ ತಿಂದಿದ್ದಾನಾ ಇವ?" ಎಂದೆ. ಕಿಡ್ನಿ ಕೆಟ್ಟವನಿಗೆ ಇದ್ದಕ್ಕಿದ್ದಂತೆ ಸುಸ್ತು. "ಒಂದು ಇಸಿಜಿ ತೆಗೀಬಾರ್ದಾ?" ಎಂದೆ. ಸೇಕ್ರಮ್ ಎಂಬ ಬೆನ್ನಿನ ಬುಡದ ಮೂಳೆ ಯಾವ ಕಡೆಗೆ ತಿರುಗಿದೆ ಎಂಬ ಪ್ರಶ್ನೆಗಳು ಬಂದಾಗ ನನಗೆ ತಲೆಬುಡ ಗೊತ್ತಾಗದೆ ತಟ್ಟೆ ತೊಳೆಯಲು ಹೋದೆ. ಅವುಗಳಿಗೆ ಅವಳು ಅಪ್ಪನ ಬೆನ್ನು ನೆನಪಿಸಿಕೊಂಡು ತಾನೇ ಉತ್ತರಿಸಿದಳು.

ಅಂಕ ಗೆರೆ ದಾಟಿತ್ತು. ಹತ್ತು ದಿನ ಕಳೆದು ಮೂರನೆಯದು, ಆ ದಿನವೂ ನಾನು ಮನೆಯಲ್ಲೇ, ಆ ಅಂಕ ಇನ್ನೂ ಮೇಲೆ. ಗಂಡ ಕಂಪೆನಿ ಬಸ್ಸಿನ ಎರಡೂ ಬದಿಯ ಸೀಟಿನವರಿಗೆ ಹೇಳಿಕೊಂಡು ಬಂದರು. ಕಾಕ ಖರ್ಜೂರದ ಡಬ್ಬ ಕಳುಹಿಸಿದರು. ಮಗಳು ನಕ್ಕಳು, ಮೀನು ಕೇಳಿ ಕೇಳಿ ಹಾಕಿಸಿಕೊಂಡು ಉಂಡಳು. ನನ್ನ ಕೈಯ ಅಡುಗೆಯೇ ಅಂಕ ತಂದದ್ದು ಎಂದು ನಾನು ಊರಿಗೆ ಫೋನ್ ಮಾಡಿ ಅಕ್ಕನಿಗೆ ಹೇಳಿದೆ.

ನಾಲ್ಕನೆಯದನ್ನು ಅವಳು ನನ್ನ ಬೆಳಗಿನ ಡ್ಯೂಟಿಯ ದಿನ ಬರೆದಳು. ಕಾಲೇಜಿನ ಪರೀಕ್ಷೆಗೆ ಇನ್ನು ಎರಡೇ ವಾರ. ಮಧ್ಯಾಹ್ನ ನಾನು ಮನೆಗೆ ಬಂದಾಗ ಅವಳು ಮೇಜಿನ ಮುಂದೆ ಹಾಗೇ ಕುಳಿತಿದ್ದಳು. ಅಂಕ ಮತ್ತೆ ಗೆರೆಯ ಕೆಳಗೆ. ತಪ್ಪಿದ ಪ್ರಶ್ನೆಗಳನ್ನೆಲ್ಲ ಒಂದು ಕಾಗದದಲ್ಲಿ ಬರೆದುಕೊಂಡಿದ್ದಳು. ನನ್ನ ಮುಖ ನೋಡಿ ಮೆಲ್ಲಗೆ, "ಮಮ್ಮಿ, ಯು ವರ್ ನಾಟ್ ಹಿಯರ್ ಟು ಆಸ್ಕ್," ಎಂದಳು.

ಮೊದಲು ನನಗೆ ಅರ್ಥವಾಗಲಿಲ್ಲ. ಅರ್ಥವಾದಾಗ ಸಿಟ್ಟು ಬಂತು. "ನಾನು ಎಂತ ಹೇಳಿಕೊಟ್ಟೆ? ಒಂದು, ಒಂದೇ ಒಂದು ಉತ್ತರ ನಾನು ಹೇಳಿದ್ದನ್ನು ತೋರಿಸು," ಎಂದೆ. ಅವಳು ಬೆರಳು ಮಡಚುತ್ತ ನನ್ನ ಪ್ರಶ್ನೆಗಳನ್ನೇ ಇಂಗ್ಲಿಷಿನಲ್ಲಿ ನನಗೆ ಒಪ್ಪಿಸಿದಳು. ಕ್ಯಾಲ್ಸಿಯಂ. ತಿಂಡಿ. ಇಸಿಜಿ. ಒಂದೊಂದರಲ್ಲೂ ಉತ್ತರದ ದಾರಿ ಇತ್ತು, ಆ ಎರಡು ಪರೀಕ್ಷೆಯ ಅಂಕ ತನ್ನದಲ್ಲ, ನನ್ನದು, ಆ ಅಂಕ ನೋಡಿ ತಾನು ಮೂರು ವಾರ ಬೇಕಾದ್ದನ್ನು ಓದದೆ ಬಿಟ್ಟೆ ಎಂದಳು.

"ನಾನು ಬರೀ ಕೇಳಿದ್ದು," ಎಂದೆ. "ಕೇಳುದು ತಪ್ಪಾ? ಇನ್ನು ಈ ಮನೆಯಲ್ಲಿ ಬಾಯಿ ತೆರೀಬಾರ್ದಾ ನಾನು?" ಎಂದು ಅನ್ನದ ಪಾತ್ರೆಯ ಮುಚ್ಚಳವನ್ನು ಬೇಕೆಂದೇ ಜೋರಾಗಿ ಇಟ್ಟೆ. ಸಂಜೆ ಗಂಡ ಬಂದಾಗ ಇಬ್ಬರೂ ಒಂದೊಂದು ಕೋಣೆಯಲ್ಲಿ ಇದ್ದೆವು. ಅವರು ಎರಡೂ ಕಡೆಯ ದೂರು ಕೇಳಿ, "ಪ್ರಶ್ನೆ ಕೇಳೋದು ತಪ್ಪಲ್ಲ ಬಿಡು, ನೀನು ಕೇಳೋ ರೀತಿ ನನಗೆ ಗೊತ್ತಲ್ಲ," ಎಂದಷ್ಟೇ ಹೇಳಿ ಸ್ನಾನಕ್ಕೆ ಹೋದರು. ಆ ಮಾತಿಗೂ ನನಗೆ ಉರಿಯಿತು.

ಮರುದಿನ ವಾರ್ಡಿನಲ್ಲಿ ಒಬ್ಬ ಹೊಸ ಡಾಕ್ಟರ್ ರೌಂಡ್ಸ್‌ಗೆ ಬಂದಿದ್ದ. ಮಗಳಿಗಿಂತ ಎರಡು ಮೂರು ವರ್ಷ ದೊಡ್ಡವನಿರಬೇಕು. ರೋಗಿಯೊಬ್ಬ ಬೆವರುತ್ತಿದ್ದ, ಮಾತು ತೊದಲುತ್ತಿತ್ತು. ಹುಡುಗ ಫೈಲು ತಿರುಗಿಸುತ್ತಲೇ ಇದ್ದಾನೆ. ನಾನು ಅವನ ಪಕ್ಕ ಹೋಗಿ, "ಡಾಕ್ಟರ್, ಒಮ್ಮೆ ಶುಗರ್ ಚೆಕ್ ಮಾಡ್ಲಾ?" ಎಂದೆ. "ಹಾಂ, ಅದನ್ನೇ ಹೇಳಬೇಕೂಂತ ಇದ್ದೆ," ಎಂದ ಅವನು.

ಗ್ಲುಕೋಮೀಟರ್ ತರಲು ಹೋದವಳು ಟ್ರಾಲಿಯ ಹತ್ತಿರ ನಿಂತುಬಿಟ್ಟೆ. ಇಪ್ಪತ್ತೇಳು ವರ್ಷ ನಾನು ಮಾಡಿಕೊಂಡು ಬಂದದ್ದು ಇದನ್ನೇ. ನರ್ಸ್ ಡಾಕ್ಟರಿಗೆ ಉತ್ತರ ಹೇಳಬಾರದು, ಹೇಳಿದರೆ ಅವರ ಮುಖ ಹೋಗುತ್ತದೆ, ನಮ್ಮ ಕೆಲಸಕ್ಕೂ ಕುತ್ತು. ಹೇಳದಿದ್ದರೆ ರೋಗಿಗೆ ಕುತ್ತು. ಹಾಗಾಗಿ ನಾವು ಕೇಳುತ್ತೇವೆ. ಇಸಿಜಿ ತೆಗೆಯಲಾ ಡಾಕ್ಟರ್, ರಕ್ತ ಕಳುಹಿಸಲಾ ಡಾಕ್ಟರ್, ಈ ಮಾತ್ರೆ ನಿನ್ನೆಯೇ ನಿಲ್ಲಿಸಿದ್ದಲ್ವಾ ಡಾಕ್ಟರ್. ಸೀನಿಯರ್ ನರ್ಸ್ ಜೂನಿಯರಿಗೆ ಮೊದಲು ಕಲಿಸುವುದೇ ಈ ವಿದ್ಯೆ. ಅದು ನನಗೆ ಎಷ್ಟು ಮೈಗೂಡಿತ್ತೆಂದರೆ ನಾನು ಕೇಳುತ್ತಿದ್ದೇನೋ ಹೇಳುತ್ತಿದ್ದೇನೋ ನನಗೇ ಗೊತ್ತಾಗುತ್ತಿರಲಿಲ್ಲ. ನನ್ನ ಸ್ವಂತ ಮಗಳ ಓದಿಗೆ ನಾನೇ ಕಲ್ಲು ಹಾಕಿದ್ದೆ. ಟ್ರಾಲಿಯ ಹತ್ತಿರ ನಿಂತು ಕಣ್ಣು ಒರೆಸಿಕೊಂಡು, ರೋಗಿಯ ಬಳಿ ಹೋಗಿ ಶುಗರ್ ನೋಡಿದೆ. ಕಡಿಮೆಯೇ ಇತ್ತು.

ಮನೆಗೆ ಬಂದು ಮಗಳಿಗೆ ಹೇಳಿದೆ, "ತಪ್ಪು ನಂದೇ." ಇಷ್ಟು ಬೇಗ ನಾನು ಇದನ್ನು ಹೇಳುತ್ತೇನೆಂದು ಅವಳು ನಿರೀಕ್ಷಿಸಿರಲಿಲ್ಲ. ಬಂದು ನನ್ನ ಹೆಗಲಿಗೆ ತಲೆ ಇಟ್ಟಳು. ತಾನೂ ಸುಮ್ಮನಿದ್ದದ್ದು ತಪ್ಪು, ಅಂಕ ಏರುವುದು ಚಂದ ಕಾಣುತ್ತಿತ್ತು ಎಂದಳು. ಆಮೇಲಿನ ಎರಡು ವಾರ ಅವಳು ಓದಿದಂಥ ಓದು ನಾನು ಎಂದೂ ಕಂಡದ್ದಿಲ್ಲ. ನಾನು ಅವಳ ಕೋಣೆಯ ಮುಂದೆ ಹೋಗುವಾಗಲೂ ತುಟಿ ಬಿಗಿಹಿಡಿದು ಹೋಗುತ್ತಿದ್ದೆ. ಗಂಡ ಹೆದರಿ, ನನಗೆ ಹಲ್ಲುನೋವಾ ಎಂದು ಕೇಳಿದರು.

ಆದರೂ ಕಾಲೇಜಿನ ಪರೀಕ್ಷೆಯ ದಿನಕ್ಕೆ ನನ್ನ ಮೇಲೆ ಅವರಿಬ್ಬರಿಗೂ ನಂಬಿಕೆ ಇರಲಿಲ್ಲ. ನನಗೂ ಇರಲಿಲ್ಲ. ಗಂಡ ತಮ್ಮ ಕೆಲಸದ ಕೆಂಪು ಟ್ಯಾಗ್ ಒಂದನ್ನು ಹೊರಗೆ ತೆಗೆದರು. ರಿಫೈನರಿಯಲ್ಲಿ ಯಂತ್ರ ಬಿಚ್ಚಿದವರು ಅದರ ಸ್ವಿಚ್ಚಿಗೆ ತಮ್ಮ ಹೆಸರಿನ ಕೆಂಪು ಚೀಟಿ ಕಟ್ಟುತ್ತಾರೆ. ಕಟ್ಟಿದವನೇ ಬಂದು ಬಿಚ್ಚಬೇಕು, ದೊಡ್ಡ ಮ್ಯಾನೇಜರೇ ಬಂದರೂ ಮುಟ್ಟುವ ಹಾಗಿಲ್ಲ, ಯಾಕೆಂದರೆ ಒಳಗೆ ಒಬ್ಬನ ಕೈ ಇರುತ್ತದೆ. ಮನೆಯಲ್ಲೂ ಅವರದ್ದು ಅದೇ ಶಿಸ್ತು. ಮಗಳು ಆರು ವರ್ಷದವಳಿದ್ದಾಗ ವಾಷಿಂಗ್ ಮೆಷಿನ್‌ನಿಂದ ಆ ಟ್ಯಾಗ್ ಕಿತ್ತು ಆಡಿದ್ದಕ್ಕೆ, ಎಂದೂ ದನಿ ಎತ್ತದ ಮನುಷ್ಯ ದನಿ ಎತ್ತಿದ್ದರು. ಆಮೇಲೆ ನಮ್ಮ ಮನೆಯಲ್ಲಿ ಯಾರೂ ಅದನ್ನು ಮುಟ್ಟಿದ್ದಿಲ್ಲ.

ಶುಕ್ರವಾರ ಇಲ್ಲಿ ವಾರದ ರಜೆ, ಚರ್ಚಿನ ಮೊದಲ ಪೂಜೆಗೇ ಹೋಗಿ ಬಂದೆವು. ಮಗಳು ಕೋಣೆಗೆ ಹೋದಳು, ಗಂಡ ಬಾಗಿಲ ಹಿಡಿಗೆ ಟ್ಯಾಗ್ ಕಟ್ಟಿ, ಸಹಿ ಹಾಕಿ, ಹೊತ್ತು ಬರೆದರು. "ನೀನು ಕೆಳಗೆ ಕಾಕನ ಅಂಗಡೀಲಿ ಕೂತ್ಕೊ. ನಾನು ಹಾಲ್‌ನಲ್ಲಿ ಇರ್ತೀನಿ. ಯಲ್ಲಾ, ಹೊರಡು," ಎಂದು ನನ್ನನ್ನು ಹೊರಗೆ ಹಾಕಿದರು.

ಬಕಾಲಾದಲ್ಲಿ ಅಕ್ಕಿ ಚೀಲದ ಮೇಲೆ ಕುಳಿತೆ. ಬೀದಿಯಲ್ಲಿ ಕಣ್ಣು ಬಿಡಲಾಗದ ಬಿಸಿಲು. ಕಾಕನಿಗೆ ವಿಷಯವೆಲ್ಲ ಮೊದಲೇ ಗೊತ್ತಿತ್ತು. ಗಂಡಸರ ಹೊಟ್ಟೆಯಲ್ಲಿ ಮಾತು ನಿಲ್ಲುವುದಿಲ್ಲ ಎಂದು ಗೊತ್ತಾದದ್ದು ನನಗೆ ಆವತ್ತು.

"ಮಗಳಿಗೆ ಪರೀಕ್ಷೆ, ತಾಯಿಗೆ ಗಡೀಪಾರಾ ಸಿಸ್ಟರ್?"

"ನಗಾಡ್ಬೇಡಿ ಕಾಕ. ಮೇಲೆ ಎಂತ ಆಗ್ತಾ ಉಂಟೋ ಏನೋ."

"ಎಂತ ಆಗುದಿಲ್ಲ. ನನ್ನ ಕುತ್ತಿಗೆ ಸರಿ ಮಾಡಿದ ಮಗು ಅದು. ಅದಕ್ಕೆ ಈ ಕಂಪ್ಯೂಟರ್ ಒಂದು ಲೆಕ್ಕವಾ."

ಅಷ್ಟು ಹೊತ್ತು ಹೇಗೋ ಕಳೆದೆ. ಆದರೆ ಶುಕ್ರವಾರವಲ್ಲವೇ, ಜುಮಾ ನಮಾಜಿನ ಹೊತ್ತಾಯಿತು, ಕಾಕ ಅಂಗಡಿ ಮುಚ್ಚಬೇಕು. ಆ ಬಿಸಿಲಲ್ಲಿ ನಾನು ಹೊರಗೆ ಎಲ್ಲಿ ನಿಲ್ಲುವುದು? ಕಾಕ ಶಟರ್ ಎಳೆಯುವ ಮೊದಲು ಭರಣಿಯಿಂದ ಒಂದು ಹಿಡಿ ಪೆಪ್ಪರ್‌ಮಿಂಟ್ ತೆಗೆದು ನನ್ನ ಕೈಗೆ ಹಾಕಿದರು. "ಮೇಲೆ ಹೋಗಿ ಸಿಸ್ಟರ್. ಇದು ಬಾಯಲ್ಲಿ ಇದ್ರೆ ಮಾತು ಬರುದಿಲ್ಲ."

ಮೇಲೆ ಬಂದು ನೋಡಿದರೆ ಹಾಲ್‌ನಲ್ಲಿ ಗಂಡ ಇಲ್ಲ. ಫಹಾಹೀಲ್‌ನ ಮಾರ್ಕೆಟಿಗೆ ಮೀನಿಗೆ ಹೋಗಿದ್ದೇನೆ, ಪರೀಕ್ಷೆ ಮುಗಿಯುವುದರೊಳಗೆ ಬರುತ್ತೇನೆ ಎಂದು ಫೋನಿಗೆ ಸಂದೇಶ ಹಾಕಿದ್ದರು. ಕೋಣೆಯ ಬಾಗಿಲಲ್ಲಿ ಟ್ಯಾಗ್ ನೇತಾಡುತ್ತಿತ್ತು. ಬಾಯಿಗೆ ಎರಡು ಪೆಪ್ಪರ್‌ಮಿಂಟ್ ಹಾಕಿಕೊಂಡು ಕುರ್ಚಿ ಎಳೆದು ಬಾಗಿಲ ಹತ್ತಿರವೇ ಕುಳಿತೆ. ದೂರ ಕುಳಿತುಕೊಳ್ಳಬಹುದಿತ್ತು, ಸುಳ್ಳು ಯಾಕೆ ಹೇಳಲಿ.

ಒಳಗೆ ಅವಳು ಓದುವುದು ಕೇಳುತ್ತಿತ್ತು. ಎಪ್ಪತ್ತು ದಾಟಿದ ಗಂಡಸು, ಸಕ್ಕರೆ ಕಾಯಿಲೆ ಉಂಟು, ಬೆಳಗ್ಗೆ ಹಾಸಿಗೆಯಿಂದ ಎದ್ದು ನಿಂತವನೇ ಕುಸಿದು ಬಿದ್ದಿದ್ದಾನೆ. ಸಕ್ಕರೆ ಎಂದು ಕೇಳಿದ್ದೇ ನನ್ನ ಗಂಟಲಿಗೆ ಪ್ರಶ್ನೆ ಬಂದಾಯಿತು. ಶುಗರ್ ನೋಡಿದ್ರಾ? ಎರಡೂ ಕೈಯಿಂದ ಬಾಯಿ ಅದುಮಿ ಹಿಡಿದೆ. ಒಳಗೆ ಸದ್ದಿಲ್ಲ. ಅವಳಿಗೆ ತೋಚುತ್ತಿಲ್ಲ ಎಂದುಕೊಂಡು ಕುರ್ಚಿಯಿಂದ ಅರ್ಧ ಎದ್ದೆ. ಒಂದು ಮಾತು, ಒಂದೇ ಒಂದು ಮಾತು ಬಾಗಿಲಿನ ಸಂದಿಯಿಂದ ಹಾಕಿದರೆ ಸಾಕಿತ್ತು.

ಆಗ ಒಳಗಿನಿಂದ ನನ್ನದೇ ಮಾತು ಕೇಳಿತು. ನನ್ನದೇ ಎಳೆತ, ನನ್ನದೇ ಕನ್ನಡ. ಇಡೀ ಜನ್ಮದಲ್ಲಿ ನನಗೆ ಒಂದು ವಾಕ್ಯ ಕನ್ನಡದಲ್ಲಿ ಉತ್ತರಿಸದವಳು ತನಗೆ ತಾನೇ ಕೇಳಿಕೊಳ್ಳುತ್ತಿದ್ದಳು: "ಪಾಪ, ಇವ ಬಿಪಿಗೆ ಎಂತ ಮಾತ್ರೆ ತಿಂತಾ ಇದ್ದಾನೆ ಅಂತ ಯಾರೂ ಕೇಳ್ಲಿಲ್ವಾ?"

ಆಮೇಲೆ ಟಕ್ಕೆಂದು ಒತ್ತಿದ ಸದ್ದು. ಮುಂದಿನ ಪ್ರಶ್ನೆ ಓದತೊಡಗಿದಳು.

ನಾನು ಪೆಪ್ಪರ್‌ಮಿಂಟ್ ಚೀಪುವುದನ್ನೂ ಮರೆತು ಕುಳಿತಿದ್ದೆ. ಎದ್ದ ಕೂಡಲೇ ಬಿದ್ದವನಿಗೆ ಬಿಪಿ ಇಳಿದಿರುತ್ತದೆ, ಮೊದಲು ಬಿಪಿಯ ಮಾತ್ರೆ ಕೇಳಬೇಕು. ಅವಳು ಸರಿ, ನಾನು ತಪ್ಪು. ನಾನು ಬಾಯಿ ಹಾಕಿದ್ದರೆ ಒಂದು ಅಂಕ ಕಳೆಯುತ್ತಿದ್ದೆ. ನಾಚಿಕೆಯಾಗಬೇಕಾದಲ್ಲಿ ನನಗೆ ಕುಣಿಯುವಷ್ಟು ಸಂತೋಷವಾಯಿತು.

ಮತ್ತೆ ಒಂದು ಗಂಟೆಗೂ ಹೆಚ್ಚು ಹೊತ್ತು ಕಳೆದು ಒಳಗೆ ಕುರ್ಚಿ ಸರಿದ ಸದ್ದಾಯಿತು. ಬಾಗಿಲ ಹತ್ತಿರ ಹೆಜ್ಜೆ ಬಂದು ನಿಂತಿತು.

"ಡ್ಯಾಡಿ, ಟ್ಯಾಗ್ ತೆಗೆದ್ರಾ?" ಇದೂ ಕನ್ನಡವೇ. ನಾಲ್ಕು ಗಂಟೆ ನನ್ನ ಹಾಗೆ ಮಾತಾಡಿಕೊಂಡು ಅವಳ ನಾಲಿಗೆ ಆ ಕಡೆಗೇ ತಿರುಗಿತ್ತೋ ಏನೋ.

"ಅವರು ಮೀನಿಗೆ ಹೋಗಿದ್ದಾರೆ ಮಗಾ. ನಾನು ಇರುದು."

"ಮಮ್ಮಿ? ಯಾವಾಗ ಬಂದದ್ದು?"

"ಆಗಲೇ. ಮಾತಾಡ್ಲಿಲ್ಲ. ದೇವರಾಣೆ."

ಅವಳು ನಕ್ಕಳು. ಬಾಗಿಲಿಗೆ ಬೀಗ ಇರಲಿಲ್ಲ, ಹಿಡಿ ತಿರುಗಿಸಿದರೆ ತೆರೆಯುತ್ತಿತ್ತು. ಆದರೆ ಅವಳೂ ತಿರುಗಿಸಲಿಲ್ಲ, ನಾನೂ ತಿರುಗಿಸಲಿಲ್ಲ. ಕಟ್ಟಿದವರು ಬರಬೇಕು. ಅವಳು ಬಾಗಿಲಿಗೆ ಒರಗಿ ನೆಲದ ಮೇಲೆ ಕುಳಿತದ್ದು ಗೊತ್ತಾಯಿತು. ನಾನೂ ಕುರ್ಚಿ ಬಿಟ್ಟು ಈಚೆ ಕುಳಿತೆ.

"ಅಂಕ ಬಂದಿದೆ," ಎಂದಳು. ದನಿಯಿಂದ ಏನೂ ತಿಳಿಯಲಿಲ್ಲ. ನಾನು ಇನ್ನೊಂದು ಪೆಪ್ಪರ್‌ಮಿಂಟ್ ಬಾಯಿಗೆ ಹಾಕಿಕೊಂಡೆ. ಅವಳೇ, "ಎಷ್ಟು ಅಂತ ಕೇಳುದಿಲ್ವಾ?" ಎಂದಳು.

"ನಾನು ಕೇಳುದು ಬಿಟ್ಟಿದ್ದೇನೆ."

"ಕೇಳು ಮಮ್ಮಿ."

ಉತ್ತರ ಗೊತ್ತಿದ್ದೇ ಪ್ರಶ್ನೆ ಕೇಳುತ್ತ ಬಂದವಳು ನಾನು. ಇದಕ್ಕೆ ನನಗೆ ಉತ್ತರ ಗೊತ್ತಿರಲಿಲ್ಲ. ಬಾಯಲ್ಲಿದ್ದ ಪೆಪ್ಪರ್‌ಮಿಂಟ್ ನುಂಗಿ, ವಾರ್ಡಿನಲ್ಲಿ ಕೇಳುವ ಹಾಗೆಯೇ ಕೇಳಿದೆ.

"ಎಷ್ಟು ಬಂತು, ಡಾಕ್ಟರ್?"

ಹೇಳಿದಳು. ನಾನು ಮಾಡಿಕೊಟ್ಟ ಆ ಎರಡು ಅಂಕಗಳಿಗಿಂತ ಕಡಿಮೆ, ಕಾಲೇಜಿನ ಗೆರೆಗಿಂತ ಮೇಲೆ. ಗಂಡ ಮೀನಿನ ಚೀಲ ಹಿಡಿದು ಬಂದಾಗ ನಾವಿಬ್ಬರೂ ಬಾಗಿಲಿನ ಆಚೆ ಈಚೆ ಕುಳಿತು ಅಳುತ್ತಿದ್ದೆವು, ಅವರು ಮೊದಲು ಬಗ್ಗಿ ನೋಡಿದ್ದು ಟ್ಯಾಗನ್ನು ಯಾರಾದರೂ ಮುಟ್ಟಿದ್ದಾರೋ ಎಂದು.